ಸಿಬ್ಬಂದಿ ಹೂಂ ಅನ್ನುತ್ತಾರೆ, ಕೆಲಸ ಆಗುವುದಿಲ್ಲ: ಹೊಸದಾಗಿ ಮುಖ್ಯಸ್ಥೆಯಾದ ಲೈಬ್ರೇರಿಯನ್ ಒಬ್ಬರ ಪ್ರಶ್ನೆಗೆ ಉತ್ತರ

ಪ್ರಶ್ನೆ: ಮೇಡಂ, ನಾನು ಒಂದು ಕಾಲೇಜಿನ ಲೈಬ್ರರಿಯಲ್ಲಿ 11 ವರ್ಷ ಸಹಾಯಕಿಯಾಗಿದ್ದೆ. ಕ್ಯಾಟಲಾಗ್ ಕೆಲಸ ಪೂರ್ತಿ ನನ್ನದೇ, ಅದು ನನಗೆ ಇಷ್ಟ ಕೂಡ. ಎಂಟು ತಿಂಗಳ ಹಿಂದೆ ನಮ್ಮ ಲೈಬ್ರೇರಿಯನ್ ನಿವೃತ್ತರಾದರು, ಆ ಜಾಗಕ್ಕೆ ನನ್ನನ್ನು ಹಾಕಿದರು. ಸುಮಾರು 38,000 ಪುಸ್ತಕಗಳಿವೆ, ಐದು ಜನ ಸಿಬ್ಬಂದಿ. ಅವರಲ್ಲಿ ಇಬ್ಬರು ನನಗಿಂತ ಹಿರಿಯರು. ಏನು ಹೇಳಿದರೂ ಹೂಂ ಅನ್ನುತ್ತಾರೆ, ಮಾಡುವುದಿಲ್ಲ. ಆರು ವರ್ಷದಿಂದ ಸ್ಟಾಕ್ ವೆರಿಫಿಕೇಶನ್ ಆಗಿರಲಿಲ್ಲ. ರಜೆಯಲ್ಲಿ ನಾನೇ ಒಬ್ಬಳೇ ಕೂತು ಮಾಡಿದೆ. 412 ಪುಸ್ತಕ ಸಿಗುತ್ತಿಲ್ಲ. ಪ್ರಿನ್ಸಿಪಾಲರಿಗೆ ಹೇಳಲು ಭಯ, ಇನ್ನೂ ಹೇಳಿಲ್ಲ. ರ್‍ಯಾಕುಗಳು ತುಂಬಿಹೋಗಿವೆ, ಹಳೆಯದನ್ನು ತೆಗೆಯೋಣ ಎಂದರೆ ಹಿರಿಯರು ಒಪ್ಪುವುದಿಲ್ಲ. ಹೊಸ ಪುಸ್ತಕಕ್ಕೆ ದುಡ್ಡು ಕೇಳಿದರೆ "ಈಗ ಎಲ್ಲಾ ಮೊಬೈಲಲ್ಲೇ ಇದೆ ಅಲ್ವಾ" ಎನ್ನುತ್ತಾರೆ ಪ್ರಿನ್ಸಿಪಾಲರು. ನಾನು ಮೊದಲಿನಿಂದಲೂ ಮಾತು ಕಡಿಮೆ. ನಾಯಕತ್ವದ ಗುಣ ನನ್ನಲ್ಲಿ ಇಲ್ಲವೇ ಇಲ್ಲ ಅನ್ನಿಸುತ್ತಿದೆ. ಯಾವುದಾದರೂ ಮ್ಯಾನೇಜ್‌ಮೆಂಟ್ ಕೋರ್ಸ್ ಸೇರಲೇ? ಅಥವಾ ಈ ಹುದ್ದೆ ಬಿಟ್ಟು ಹಳೆ ಕೆಲಸಕ್ಕೇ ವಾಪಸ್ ಹೋಗಲೇ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಕಾಣೆಯಾದ ಪುಸ್ತಕ, ಮಾತು ಕೇಳದ ಸಿಬ್ಬಂದಿ, ತುಂಬಿದ ರ್‍ಯಾಕು, ದುಡ್ಡು ಕೊಡದ ಪ್ರಿನ್ಸಿಪಾಲರು, ಇಷ್ಟೂ ಸೇರಿಕೊಂಡು ನಿಮಗೆ "ತಪ್ಪು ನನ್ನ ಸ್ವಭಾವದ್ದೇ" ಅನ್ನಿಸುವ ಹಾಗೆ ಮಾಡಿವೆ. ನಿಮ್ಮ ಸ್ವಭಾವದ ಮಾತಿಗೆ ಆಮೇಲೆ ಬರುತ್ತೇನೆ. ಮೊದಲು ಆ 412ರ ವಿಷಯ ಮುಗಿಸೋಣ, ನಿಮ್ಮ ನಿದ್ದೆ ಕೆಡಿಸಿರುವುದು ಅದೇ ಅನ್ನಿಸುತ್ತದೆ.

ಲೆಕ್ಕ ಹಾಕಿ ನೋಡಿ. 38,000ಕ್ಕೆ 412 ಎಂದರೆ ನೂರಕ್ಕೆ ಒಂದಕ್ಕಿಂತ ಸ್ವಲ್ಪ ಜಾಸ್ತಿ. ಅದೂ ಆರು ವರ್ಷದ್ದು. ವರ್ಷಕ್ಕೆ 70ರ ಹತ್ತಿರ ಬರುತ್ತದೆ. ಓದುಗರು ತಾವೇ ರ್‍ಯಾಕಿಗೆ ಹೋಗಿ ಪುಸ್ತಕ ತೆಗೆದುಕೊಳ್ಳುವ ಯಾವ ಲೈಬ್ರರಿಯಲ್ಲೂ ಪುಸ್ತಕ ಹೋಗುತ್ತದೆ. ಒಂದೂ ಹೋಗಬಾರದು ಎಂದರೆ ಬೀರುವಿಗೆ ಬೀಗ ಹಾಕಬೇಕು, ಆಗ ಓದುವವರೂ ಹೋಗುತ್ತಾರೆ. ಲೈಬ್ರೇರಿಯನ್ ಎಂದರೆ ಪುಸ್ತಕ ಕಾಯುವವರು, ಒಂದು ಕಳೆದರೂ ಅದು ಅವರ ಅಪರಾಧ ಎಂಬ ನಂಬಿಕೆ ನಮ್ಮಲ್ಲಿ ಬಹಳ ಹಳೆಯದು. ಎಷ್ಟೋ ಒಳ್ಳೆಯ ಲೈಬ್ರೇರಿಯನ್‌ಗಳು ಇದೇ ಭಯದಿಂದ ಹೊಸ ಪುಸ್ತಕವನ್ನು ಕಬೋರ್ಡಿನಲ್ಲೇ ಇಟ್ಟದ್ದನ್ನು ನಾನು ನೋಡಿದ್ದೇನೆ.

ಆದರೆ ಹೇಳದೇ ಇರುವುದು ಬೇರೆ ವಿಷಯ, ಅಲ್ಲಿ ಅಪಾಯ ನಿಜವಾಗಿಯೂ ಇದೆ. ಇವತ್ತು ಹೇಳಿದರೆ ಇದು ಆರು ವರ್ಷದ ಲೆಕ್ಕ, ಕಂಡುಹಿಡಿದವರು ನೀವು. ಎರಡು ವರ್ಷ ಬಿಟ್ಟು ಆಡಿಟ್‌ನಲ್ಲಿ ಹೊರಗೆ ಬಂದರೆ ಇದು ನಿಮ್ಮ ಕಾಲದ ಲೆಕ್ಕ, ಮುಚ್ಚಿಟ್ಟವರು ನೀವು. ಹಾಗಾಗಿ ಒಂದು ಪುಟದ ಪತ್ರ ಬರೆಯಿರಿ. ಹಿಂದಿನ ವೆರಿಫಿಕೇಶನ್ ಯಾವಾಗ ಆಗಿತ್ತು, ನೀವು ಚಾರ್ಜ್ ತೆಗೆದುಕೊಂಡ ತಾರೀಖು ಯಾವುದು, ಆಗ ಪುಸ್ತಕಗಳ ಎಣಿಕೆ ಆಗಿತ್ತೋ ಇಲ್ಲವೋ, ಈಗ ಎಷ್ಟು ಸಿಕ್ಕಿಲ್ಲ, ಇನ್ನೊಂದು ಸುತ್ತು ಹುಡುಕಿ ಯಾವತ್ತು ಅಂತಿಮ ಪಟ್ಟಿ ಕೊಡುತ್ತೀರಿ, ಇಷ್ಟು ಸಾಕು. ಕ್ಷಮೆ ಕೇಳುವ ಧಾಟಿ ಬೇಡ. ಯಾರ ಹೆಸರನ್ನೂ ಹಾಕಬೇಡಿ, ಹಿಂದಿನವರದ್ದಂತೂ ಬೇಡವೇ ಬೇಡ. ಪತ್ರ ಕೊಟ್ಟು ಪ್ರತಿಗೆ ಸಹಿ ಮಾಡಿಸಿಕೊಳ್ಳಿ. ರೈಟ್ ಆಫ್ ಮಾಡುವ, ಅಂದರೆ ಸಿಗದ ಪುಸ್ತಕವನ್ನು ಲೆಕ್ಕದಿಂದ ತೆಗೆಯುವ ಕ್ರಮ ನಿಮ್ಮ ಸಂಸ್ಥೆಯ ನಿಯಮದಲ್ಲಿ ಏನಿದೆಯೋ ಹಾಗೆ, ಲೈಬ್ರರಿ ಕಮಿಟಿಯ ಮೂಲಕ ಹೋಗಲಿ. ನೀವೊಬ್ಬರೇ ರಿಜಿಸ್ಟರಿನಲ್ಲಿ ಗೆರೆ ಎಳೆಯುವ ಕೆಲಸ ಮಾತ್ರ ಮಾಡಬೇಡಿ.

ಇನ್ನು ಹುಡುಕುವ ವಿಷಯ. ನಿಮ್ಮ ಪಟ್ಟಿ ಅಕ್ಸೆಶನ್ ನಂಬರಿನ ಪ್ರಕಾರ, ಅಂದರೆ ಪುಸ್ತಕ ಬಂದ ಕ್ರಮದಲ್ಲಿ ಇದ್ದರೆ, ಅದನ್ನು ಕಾಲ್ ನಂಬರಿನ ಪ್ರಕಾರ, ಅಂದರೆ ರ್‍ಯಾಕಿನಲ್ಲಿ ಇಡುವ ಕ್ರಮದಲ್ಲಿ ಜೋಡಿಸಿ. ಆಗ ಪುಸ್ತಕಗಳು ಎಲ್ಲಿ ಗುಂಪಾಗಿ ಕಾಣೆಯಾಗಿವೆ ಎಂದು ಕಣ್ಣಿಗೆ ಬೀಳುತ್ತದೆ. ಒಮ್ಮೆ ನಾವು ಒಂದು ದಪ್ಪ ಸಂಖ್ಯಾಶಾಸ್ತ್ರದ ಪುಸ್ತಕಕ್ಕಾಗಿ ಎರಡು ವರ್ಷ ಹುಡುಕಿದೆವು. ವಿಷಯಕ್ಕೊಂದು ಸಂಖ್ಯೆ ಕೊಡುವ ಡ್ಯೂಯಿ ವರ್ಗೀಕರಣದಲ್ಲಿ ಸಂಖ್ಯಾಶಾಸ್ತ್ರ 519.5. ಕೊನೆಗೆ ಅದು ಸಿಕ್ಕಿದ್ದು 591.5ರಲ್ಲಿ, ಪ್ರಾಣಿಗಳ ನಡವಳಿಕೆಯ ಪುಸ್ತಕಗಳ ಮಧ್ಯೆ. ಬೆನ್ನಿನ ಲೇಬಲ್ ಮಾಸಿತ್ತು, ಇಡುವವರು ಅವಸರದಲ್ಲಿ 1 ಮತ್ತು 9 ಅದಲು ಬದಲು ಓದಿದ್ದರು. ಅದರ ಪಕ್ಕದಲ್ಲೇ ಇನ್ನೂ ಎರಡು ಅಂಥವೇ ಇದ್ದವು. ತಪ್ಪಿಟ್ಟ ಪುಸ್ತಕ ಒಂದು ಸಿಕ್ಕ ಕಡೆ ನಿಂತು ಸುತ್ತ ನೋಡಬೇಕು, ಒಬ್ಬರ ಕೈ ಒಂದೇ ತಪ್ಪನ್ನು ಮತ್ತೆ ಮತ್ತೆ ಮಾಡುತ್ತದೆ. ಸಾಲಿನ ಹಿಂದೆ ಬಿದ್ದವು, ಬೈಂಡಿಂಗಿಗೆ ಕಟ್ಟಿಟ್ಟ ಗಂಟು, ಹೊಸ ಪುಸ್ತಕಗಳ ಪ್ರದರ್ಶನದ ಕಪಾಟು, ವಿಭಾಗಗಳಲ್ಲಿ ಮೇಷ್ಟ್ರುಗಳ ಮೇಜು, ಇವನ್ನೆಲ್ಲ ನೋಡಿ. ಲೆಡ್ಜರಿನಿಂದ ಕಂಪ್ಯೂಟರಿಗೆ ಬಂದಾಗ ಹಳೆಯ ಇಶ್ಯೂಗಳು ಎಲ್ಲವೂ ಬಂದಿದ್ದವಾ ಎಂದೂ ನೋಡಿ. "ಕಳೆದದ್ದು" ಎಂದುಕೊಂಡ ಎಷ್ಟೋ ಪುಸ್ತಕ ಯಾರದೋ ಹೆಸರಿನಲ್ಲಿ ಮನೆಯಲ್ಲಿರುತ್ತದೆ.

ಮನೆಯಲ್ಲಿರುವವು ವಾಪಸ್ ಬರಬೇಕೆಂದರೆ ದಂಡಕ್ಕೆ ಒಂದಿಷ್ಟು ದಿನ ರಜೆ ಕೊಡಲು ಕಮಿಟಿಯನ್ನು ಕೇಳಬಹುದು. ಶಿಕಾಗೊ ಸಾರ್ವಜನಿಕ ಗ್ರಂಥಾಲಯ 2019ರಲ್ಲಿ ತಡವಾದದ್ದಕ್ಕೆ ದಂಡ ಹಾಕುವುದನ್ನೇ ಪೂರ್ತಿ ನಿಲ್ಲಿಸಿತು, ಅದಾದ ಮೇಲೆ ವರ್ಷಗಟ್ಟಲೆ ಹೊರಗಿದ್ದ ಪುಸ್ತಕಗಳು ರಾಶಿ ರಾಶಿಯಾಗಿ ಬಂದವು. ದಂಡ ಬೆಳೆದು ಬೆಳೆದು ಪುಸ್ತಕದ ಬೆಲೆಯನ್ನೇ ದಾಟಿದರೆ ಯಾರೂ ಕೌಂಟರಿಗೆ ಮುಖ ತೋರಿಸುವುದಿಲ್ಲ. ಇದರಲ್ಲೂ ಒಂದು ತೊಂದರೆ ಇದೆ. ಪ್ರತಿ ವರ್ಷ ಹೀಗೆ ಮಾಫಿ ಮಾಡಿದರೆ ಜನ ಅದಕ್ಕೇ ಕಾಯುತ್ತಾರೆ. ಒಂದು ಸಲ, ಹದಿನೈದು ದಿನ, ಅಷ್ಟೇ.

ಈಗ ನಿಮ್ಮ ಪತ್ರದಲ್ಲಿ ನನ್ನ ಕಣ್ಣು ನಿಂತ ಸಾಲಿಗೆ ಬರುತ್ತೇನೆ. "ರಜೆಯಲ್ಲಿ ನಾನೇ ಒಬ್ಬಳೇ ಕೂತು ಮಾಡಿದೆ." ನೀವು ಇದನ್ನು ನಿಷ್ಠೆಯಿಂದ ಮಾಡಿದ್ದೀರಿ, ಅದರಲ್ಲಿ ಅನುಮಾನವಿಲ್ಲ. ಆದರೆ ರಜೆ ಮುಗಿಸಿ ಬಂದ ಐದು ಜನಕ್ಕೆ ಅದು ಹೇಗೆ ಕಂಡಿರಬಹುದು? ತಾವು ದಿನಾ ಕೈಯಾಡಿಸುವ ರ್‍ಯಾಕುಗಳನ್ನು ಹೊಸ ಮುಖ್ಯಸ್ಥೆ ತಮ್ಮ ಬೆನ್ನ ಹಿಂದೆ ಎಣಿಸಿದರು, 412 ಇಲ್ಲ ಎಂದರು. ಅಂದರೆ ನಮ್ಮ ಮೇಲೆ ಅನುಮಾನ. ನೀವು ಹಾಗೆ ಒಂದು ಮಾತೂ ಆಡಿಲ್ಲ, ಗೊತ್ತು. ಮಾತು ಕಡಿಮೆ ಇರುವವರಿಗೆ ಆಗುವ ಕಷ್ಟವೇ ಇದು. ನಾವು ಬಿಟ್ಟ ಖಾಲಿ ಜಾಗವನ್ನು ಎದುರಿನವರು ತಮ್ಮ ಭಯದಿಂದ ತುಂಬಿಸಿಕೊಳ್ಳುತ್ತಾರೆ.

ಇದನ್ನು ನಾನು ನನ್ನ ತಪ್ಪಿನಿಂದಲೇ ಕಲಿತೆ. ಮುಖ್ಯಸ್ಥೆಯಾದ ಮೊದಲ ವರ್ಷ. ರೆಫರೆನ್ಸ್ ವಿಭಾಗ ಕತ್ತಲೆ ಮೂಲೆಯಲ್ಲಿತ್ತು. ಅದನ್ನು ಬೆಳಕಿರುವ ಪಕ್ಕದ ಗೋಡೆಗೆ ತರಬೇಕೆಂದು ನಕ್ಷೆ ಬರೆದು, ಹೊರಗಿನಿಂದ ಜನ ಕರೆಸಿ, ಎರಡು ದಿನದಲ್ಲಿ ಎಲ್ಲಾ ಬದಲಾಯಿಸಿದೆ. ತುಂಬಾ ಚೆನ್ನಾಗಿ ಕಾಣುತ್ತಿತ್ತು. ನಮ್ಮಲ್ಲಿ ಒಬ್ಬರು ಹಿರಿಯ ಅಟೆಂಡರ್ ಇದ್ದರು, 20 ವರ್ಷಕ್ಕೂ ಜಾಸ್ತಿ ಅಲ್ಲೇ ಪುಸ್ತಕ ಜೋಡಿಸಿದವರು. ಅವರು ಬಂದು ಆ ಗೋಡೆಯನ್ನು ಅಂಗೈಯಿಂದ ಒಂದು ಸಲ ಮುಟ್ಟಿ ನೋಡಿ, ಏನೂ ಹೇಳದೆ ಹೋದರು. ಮಳೆ ಶುರುವಾಯಿತು. ಆ ಗೋಡೆ ಪ್ರತಿ ಮಳೆಗಾಲ ನೀರು ಹೀರುತ್ತಿತ್ತಂತೆ. ಗಾಳಿಯಲ್ಲಿ ತೇವ ಜಾಸ್ತಿಯಾಗಿ ಹಾಗೇ ನಿಂತರೆ ಕಾಗದಕ್ಕೆ ಬೂಸ್ಟು ಹಿಡಿಯಲು ಅಷ್ಟು ಸಾಕು. ವಿಶ್ವಕೋಶದ ಕೆಳಗಿನ ಸಾಲು ಪೂರ್ತಿ ಬೂದು ಬಣ್ಣಕ್ಕೆ ತಿರುಗಿತು, ಪುಟ ಬಿಡಿಸಿದರೆ ಅಂಟಂಟು, ಆ ವಾಸನೆ ಇವತ್ತಿಗೂ ನೆನಪಿದೆ. ನೀವು ಯಾಕೆ ಹೇಳಲಿಲ್ಲ ಎಂದು ಅವರನ್ನು ಕೇಳಿದೆ. "ನೀವು ಕೇಳಲಿಲ್ಲವಲ್ಲಾ ಮೇಡಂ" ಎಂದರು. ಕೊಂಕು ಇರಲಿಲ್ಲ ಆ ಮಾತಿನಲ್ಲಿ. ಅವರಿಗೆ ನಿಜವಾಗಿಯೂ ಬೇಜಾರಾಗಿತ್ತು, ಆ ಪುಸ್ತಕಗಳನ್ನು ಅವರು ನನಗಿಂತ ಜಾಸ್ತಿ ವರ್ಷ ಒರೆಸಿದ್ದರು.

ಹಾಗಾಗಿ ನಿಮ್ಮ ಇಬ್ಬರು ಹಿರಿಯರು ಅಹಂಕಾರದಿಂದ ಹೀಗೆ ಮಾಡುತ್ತಿದ್ದಾರೆ ಎಂದು ಈಗಲೇ ತೀರ್ಮಾನಿಸಬೇಡಿ. ಇರಬಹುದು, ಇಲ್ಲದೆಯೂ ಇರಬಹುದು. ಅವರಲ್ಲಿ ಒಬ್ಬರು ನಿಮ್ಮ ಹುದ್ದೆ ತಮಗೆ ಬರಬೇಕಿತ್ತು ಎಂದುಕೊಂಡಿರಬಹುದು. ಅದು ಸಹಜ. ಹಿಂದಿನ ಲೈಬ್ರೇರಿಯನ್ ಎಲ್ಲವನ್ನೂ ತಾವೇ ನಿರ್ಧರಿಸಿ ಬಾಯಲ್ಲಿ ಹೇಳಿ ಮಾಡಿಸುತ್ತಿದ್ದವರಾದರೆ, ಇವರಿಗೆ ಹೂಂ ಅನ್ನುವುದು ಅಭ್ಯಾಸವಾಗಿಬಿಟ್ಟಿರುತ್ತದೆ. ಹೂಂ ಅಂದರೆ "ಕೇಳಿಸಿತು" ಎಂದಷ್ಟೇ, "ಮಾಡುತ್ತೇನೆ" ಎಂದಲ್ಲ. ಇನ್ನೊಂದು ಕಾರಣ ನಿಮ್ಮ ಕಡೆಯದ್ದೂ ಇರಬಹುದು ಅನ್ನಿಸುತ್ತದೆ. ನೀವು ಈಗಲೂ ಸಂಜೆವರೆಗೆ ಒಳಗೆ ಕೂತು ಕ್ಯಾಟಲಾಗ್ ಮಾಡುತ್ತಿದ್ದೀರಾ? ಇಷ್ಟದ ಕೆಲಸ ಬಿಡುವುದು ಕಷ್ಟ, ನನಗೂ ಕಷ್ಟವಾಗಿತ್ತು. ಆದರೆ ಮುಖ್ಯಸ್ಥೆ ಒಳಗೆ ಕೂತಷ್ಟು ಹೊತ್ತು ಹೊರಗಿನ ಸಣ್ಣ ಸಣ್ಣ ನಿರ್ಧಾರಗಳು ನಿಂತೇ ಹೋಗುತ್ತವೆ, ಅಥವಾ ಯಾರು ಜೋರಾಗಿ ಮಾತಾಡುತ್ತಾರೋ ಅವರ ಕೈಗೆ ಹೋಗುತ್ತವೆ.

ಈಗ ಸ್ವಭಾವದ ಮಾತು. ನಾಯಕತ್ವ ಎಂದರೆ ಎದ್ದು ನಿಂತು ಮಾತಾಡುವುದು, ಗಟ್ಟಿ ದನಿ, ಜನರನ್ನು ಹುರಿದುಂಬಿಸುವುದು ಎಂದು ಎಲ್ಲಿಂದಲೋ ನಮ್ಮ ತಲೆಗೆ ಬಂದಿದೆ. ನೀವು ಲೈಬ್ರೇರಿಯನ್ ಆಗಿ ಕಲಿತದ್ದನ್ನೇ ಒಮ್ಮೆ ನೆನಪು ಮಾಡಿಕೊಳ್ಳಿ. ಒಬ್ಬ ಹುಡುಗಿ ಕೌಂಟರಿಗೆ ಬಂದು "ಕೆಮಿಸ್ಟ್ರಿ ಪುಸ್ತಕ ಬೇಕು" ಎನ್ನುತ್ತಾಳೆ. ನೀವು ಸೀದಾ 540ರ ರ್‍ಯಾಕು ತೋರಿಸುವುದಿಲ್ಲ. ಯಾತಕ್ಕೆ ಬೇಕಮ್ಮಾ, ಏನು ಮಾಡುತ್ತಿದ್ದೀಯಾ ಎಂದು ಕೇಳುತ್ತೀರಿ. ಸುಮ್ನೆ ಕಾಯುತ್ತೀರಿ. ಅವಳು ಎರಡು ಮಾತು ಆಡಿದ ಮೇಲೆ ಗೊತ್ತಾಗುತ್ತದೆ, ಅವಳಿಗೆ ಬೇಕಾದದ್ದು ಕುಡಿಯುವ ನೀರಿನಲ್ಲಿ ಫ್ಲೋರೈಡ್ ಅಳೆಯುವ ವಿಧಾನ, ಅದು ಇರುವುದು ಬೇರೆಯೇ ರ್‍ಯಾಕಿನಲ್ಲಿ. ಇದನ್ನು ನಾವು ರೆಫರೆನ್ಸ್ ಇಂಟರ್‌ವ್ಯೂ ಎನ್ನುತ್ತೇವೆ. ಕೇಳಿದ್ದರ ಹಿಂದೆ ಬೇಕಾದದ್ದು ಏನಿದೆ ಎಂದು ತಿಳಿಯುವ ವಿದ್ಯೆ ಇದು, ವರ್ಷಗಟ್ಟಲೆ ಅಭ್ಯಾಸ ಬೇಕು, ಮಾತು ಕಡಿಮೆ ಇರುವವರಿಗೇ ಇದು ಚೆನ್ನಾಗಿ ಒಲಿಯುತ್ತದೆ. 11 ವರ್ಷ ಲೈಬ್ರರಿಯಲ್ಲಿದ್ದವರಿಗೆ ಇದು ಬಾರದೇ ಇರುವುದಿಲ್ಲ. ನಿಮ್ಮ ಸಿಬ್ಬಂದಿಯ ಜೊತೆ ಮಾತ್ರ ಇದನ್ನು ನೀವು ಇನ್ನೂ ಬಳಸಿಲ್ಲ ಅಷ್ಟೇ.

ಹೇಗೆ ಶುರು ಮಾಡುವುದು ಎಂದರೆ, ಮೊದಲು ಹಿರಿಯರಲ್ಲಿ ಒಬ್ಬರ ಜೊತೆ ಮಾತಾಡಿ. ನಿಮ್ಮ ಕೋಣೆಗೆ ಕರೆಯಬೇಡಿ, ಅವರ ರ್‍ಯಾಕಿನ ಹತ್ತಿರ ನೀವೇ ಹೋಗಿ. "ಹಳೆ ಪುಸ್ತಕ ತೆಗೆಯುವುದು ಬೇಡ ಎಂದಿರಿ. ತೆಗೆದರೆ ಏನಾಗುತ್ತದೆ ಎಂದು ನಿಮಗೆ ಅನ್ನಿಸುತ್ತದೆ?" ಎಂದು ಕೇಳಿ. ಕೇಳಿ ಸುಮ್ಮನಿರಿ. ಹಿಂದೆ ಯಾವಾಗಲೋ ತೆಗೆದು ಹಾಕಿದ ಪುಸ್ತಕವನ್ನು ಮಾರನೇ ವರ್ಷ ಯಾರೋ ಪ್ರೊಫೆಸರ್ ಕೇಳಿ, ಎಲ್ಲರೆದುರು ಇವರನ್ನು ಬೈದಿರಬಹುದು. ಆ ಹೆದರಿಕೆ ಅವರಿಗೆ ಇವತ್ತಿಗೂ ಇದ್ದರೆ, ನೀವು ಹೊರಡಿಸುವ ಯಾವ ಆದೇಶಕ್ಕೂ ಅದು ಬಗ್ಗುವುದಿಲ್ಲ. ಆ ಹುದ್ದೆಯ ಬೇಸರ ಇರುವವರಾದರೆ ಅದನ್ನೂ ನೇರವಾಗಿ ಎತ್ತಿ. "ಈ ಜಾಗ ನಿಮಗೆ ಬರಬಹುದಿತ್ತು, ನನಗೆ ಬಂದಿದೆ. ನಿಮಗೆ ಕಷ್ಟವಾಗಿರಬಹುದು ಎಂದು ಗೊತ್ತು" ಎಂದರೆ ಸಾಕು. ಹೊಗಳಲು ಹೋಗಬೇಡಿ, ಹೊಗಳಿಕೆಯ ಹಿಂದೆ ಕೆಲಸ ಬರುತ್ತದೆ ಎಂದು ಹಿರಿಯರಿಗೆ ಚೆನ್ನಾಗಿ ಗೊತ್ತಿರುತ್ತದೆ.

ಕೇಳಿದ ಮೇಲೆ ಇನ್ನೊಂದು ಅರ್ಧ ಇದೆ, ಮೆತ್ತಗಿನವರು ಎಡವುವುದು ಅಲ್ಲೇ. ಎಲ್ಲರ ಮಾತು ಕೇಳಿ ಕೇಳಿ ಏನನ್ನೂ ತೀರ್ಮಾನ ಮಾಡದೇ ಇದ್ದರೆ ಜನ ಮುಂದಿನ ಸಲ ಬಾಯಿ ಬಿಡುವುದಿಲ್ಲ. ಇಂತಿಷ್ಟು ದಿನದೊಳಗೆ ನಿರ್ಧಾರ ಹೇಳಿ. ಯಾರ ಮಾತು ತೆಗೆದುಕೊಂಡಿರಿ, ಯಾರ ಮಾತು ಬಿಟ್ಟಿರಿ, ಯಾಕೆ ಬಿಟ್ಟಿರಿ, ಅದನ್ನೂ ಹೇಳಿ. ಬಾಯಲ್ಲಿ ಹೇಳಲು ಸಂಕೋಚವಾದರೆ ಬರೆದು ಕೌಂಟರಿನ ಹಿಂದಿನ ಬೋರ್ಡಿಗೆ ಅಂಟಿಸಿ, ನಾಲ್ಕು ಸಾಲು. ವಾರಕ್ಕೊಂದು ಸಲ ಲೈಬ್ರರಿ ತೆಗೆಯುವ ಮೊದಲು ಹದಿನೈದು ನಿಮಿಷ ಎಲ್ಲರೂ ನಿಂತುಕೊಂಡೇ ಮಾತಾಡಿ. ಕುರ್ಚಿ ಹಾಕಿದರೆ ಒಂದು ಗಂಟೆ ಆಗುತ್ತದೆ.

ಮತ್ತೆ, ಕೆಲಸ ಹಂಚುವುದಕ್ಕೂ ಜವಾಬ್ದಾರಿ ಹಂಚುವುದಕ್ಕೂ ಇರುವ ವ್ಯತ್ಯಾಸ ನೋಡಿ. "ಇವತ್ತು 500ರಿಂದ 599ರವರೆಗೆ ಜೋಡಿಸಿ" ಎಂದರೆ ಅದು ಕೂಲಿ ಕೆಲಸ. "500ರಿಂದ 599ರವರೆಗಿನ ವಿಭಾಗ ಇನ್ನು ಮುಂದೆ ನಿಮ್ಮದು. ಯಾವ ಪುಸ್ತಕ ಬೈಂಡಿಂಗಿಗೆ ಹೋಗಬೇಕು, ಯಾವುದರ ಇನ್ನೊಂದು ಪ್ರತಿ ತರಿಸಬೇಕು, ಯಾವ ಲೇಬಲ್ ಬದಲಾಯಿಸಬೇಕು, ನೀವೇ ತೀರ್ಮಾನ ಮಾಡಿ, ತಿಂಗಳಿಗೊಮ್ಮೆ ನನಗೆ ಹೇಳಿ" ಎಂದರೆ ಬೇರೆಯೇ ಕತೆ. ಇದರಲ್ಲಿ ರಿಸ್ಕ್ ಇದೆ, ಸುಳ್ಳು ಹೇಳುವುದಿಲ್ಲ. ಅವರು ತಪ್ಪು ಮಾಡುತ್ತಾರೆ. ನಿಮ್ಮಷ್ಟು ಚೊಕ್ಕವಾಗಿ ಕ್ಯಾಟಲಾಗ್ ಯಾರೂ ಮಾಡುವುದಿಲ್ಲ, ಅದು ನಿಮಗೆ ಮೈ ಪರಚಿಕೊಳ್ಳುವ ಹಾಗೆ ಆಗುತ್ತದೆ. ತಡೆದುಕೊಳ್ಳಿ. ತಪ್ಪಾದಾಗ ಓದುಗರ ಎದುರು ತಿದ್ದಬೇಡಿ. ಮೂರು ತಿಂಗಳು ಕೊಟ್ಟ ಮೇಲೂ ಒಬ್ಬರು ಏನೂ ಮಾಡದಿದ್ದರೆ, ಆಗ ವಿಭಾಗ ವಾಪಸ್ ತೆಗೆದುಕೊಂಡು ಬರವಣಿಗೆಯಲ್ಲಿ ಹೇಳುವ ಹಕ್ಕು ನಿಮಗಿದೆ.

ಬೇರೆ ದಾರಿಗಳೂ ಇವೆ. ಮೆಮೊ ಕೊಟ್ಟು, ಪ್ರಿನ್ಸಿಪಾಲರಿಂದ ಹೇಳಿಸಿ, ಹಾಜರಿ ಬಿಗಿ ಮಾಡಿ ಕೆಲಸ ತೆಗೆಯಬಹುದು. ಎರಡು ತಿಂಗಳು ಚೆನ್ನಾಗಿ ನಡೆಯುತ್ತದೆ. ಆಮೇಲೆ ಅವರು ಬರೆದಿದ್ದಷ್ಟನ್ನೇ ಮಾಡುತ್ತಾರೆ, ಸೋರುವ ಗೋಡೆಯ ವಿಷಯ ಯಾರೂ ಹೇಳುವುದಿಲ್ಲ. ದುಡ್ಡು ಅಥವಾ ಓದುಗರ ಜೊತೆ ಕೆಟ್ಟ ನಡವಳಿಕೆಯ ವಿಷಯ ಬಂದರೆ ಮಾತ್ರ ನಾನು ಮೊದಲ ದಿನವೇ ಮೆಮೊ ಕೊಡುತ್ತಿದ್ದೆ, ಅಲ್ಲಿ ಮೆತ್ತಗಿರುವುದು ಸರಿಯಲ್ಲ. ಇನ್ನೊಂದು ದಾರಿ ಈಗ ನೀವು ಹಿಡಿದಿರುವುದು, ಅವರನ್ನು ಬಿಟ್ಟು ಎಲ್ಲವನ್ನೂ ನೀವೇ ಮಾಡುವುದು. ಅದು ನಿಮ್ಮ ಆರೋಗ್ಯವನ್ನು ತಿನ್ನುತ್ತದೆ. ನೀವು ಒಂದು ವಾರ ರಜೆ ಹಾಕಿದರೆ ಲೈಬ್ರರಿ ನಿಲ್ಲುತ್ತದೆ.

ಸಾಫ್ಟ್‌ವೇರ್ ತಂದರೆ ಎಲ್ಲಾ ಸರಿಹೋಗುತ್ತದೆ ಎಂದು ಯಾರಾದರೂ ನಿಮಗೆ ಹೇಳಿದರೆ ಸ್ವಲ್ಪ ನಿಧಾನಿಸಿ. ಕೋಹಾ ಲೈಬ್ರರಿ ಕೆಲಸಕ್ಕೆ ಒಳ್ಳೆಯ ಸಾಫ್ಟ್‌ವೇರ್, ಉಚಿತ, ನ್ಯೂಜಿಲೆಂಡಿನ ಒಂದು ಚಿಕ್ಕ ಲೈಬ್ರರಿ ವ್ಯವಸ್ಥೆ 2000ದ ಹೊತ್ತಿಗೆ ತನ್ನ ಹಳೆ ಕಂಪ್ಯೂಟರ್ ಕೆಟ್ಟುಹೋಗುವ ಭಯದಲ್ಲಿ ಮಾಡಿಸಿ, ಎಲ್ಲರಿಗೂ ಬಿಟ್ಟುಕೊಟ್ಟಿದ್ದು. ಮಾವೊರಿ ಭಾಷೆಯಲ್ಲಿ ಕೋಹಾ ಎಂದರೆ ಉಡುಗೊರೆ. ಆದರೆ ಲೇಬಲ್ ತಪ್ಪಿದ ಪುಸ್ತಕ ಕೋಹಾದಲ್ಲೂ ತಪ್ಪಾಗಿಯೇ ಇರುತ್ತದೆ.

ಹಳೆ ಪುಸ್ತಕ ತೆಗೆಯುವ ವಿಷಯದಲ್ಲಿ ನಿಮ್ಮದು ಸರಿ, ಹಿರಿಯರ ಹೆದರಿಕೆಯೂ ಸರಿ. ಪುಸ್ತಕ ಜಾಸ್ತಿ ಇದ್ದಷ್ಟೂ ಲೈಬ್ರರಿ ಒಳ್ಳೆಯದು ಎಂಬುದು ನಿಜವಲ್ಲ. ಪಿಟ್ಸ್‌ಬರ್ಗ್ ವಿಶ್ವವಿದ್ಯಾಲಯದಲ್ಲಿ 1979ರಲ್ಲಿ ಪ್ರಕಟವಾದ ಒಂದು ಅಧ್ಯಯನ ಇಡೀ ವೃತ್ತಿಯನ್ನೇ ಬೆಚ್ಚಿಬೀಳಿಸಿತು. ಅಲ್ಲಿ 1969ರಲ್ಲಿ ಕೊಂಡ ಪುಸ್ತಕಗಳಲ್ಲಿ ನೂರಕ್ಕೆ 40ರಷ್ಟು ಮೊದಲ ಆರು ವರ್ಷ ಒಂದೇ ಒಂದು ಸಲವೂ ಹೊರಗೆ ಹೋಗಿರಲಿಲ್ಲ. ನಿಮ್ಮಲ್ಲೂ ಒಂದು ರ್‍ಯಾಕಿನ ಮುಂದೆ ನಿಂತು ಪುಸ್ತಕಗಳ ಡೇಟ್ ಸ್ಲಿಪ್ ತೆರೆದು ನೋಡಿ. ಕೆಲವದರಲ್ಲಿ ಮುದ್ರೆಗಳು ಒತ್ತೊತ್ತಾಗಿ ಸ್ಲಿಪ್ ತುಂಬಿ ಇನ್ನೊಂದು ಅಂಟಿಸಿರುತ್ತಾರೆ. ಕೆಲವದರಲ್ಲಿ ಸ್ಲಿಪ್ ಅಂಟಿಸಿದ ದಿನದ ಹಾಗೆಯೇ ಬೆಳ್ಳಗಿರುತ್ತದೆ. ಆದರೂ ಬಿಳಿ ಸ್ಲಿಪ್ ಒಂದನ್ನೇ ನೋಡಿ ತೆಗೆಯಬಾರದು. ಒಳಗೇ ಕೂತು ಓದಿದ್ದಕ್ಕೆ ಮುದ್ರೆ ಬೀಳುವುದಿಲ್ಲ. ಯಾವ ಪುಸ್ತಕ ತೆಗೆಯಬೇಕು ಎಂದು ನಿರ್ಧರಿಸಲು ಟೆಕ್ಸಾಸಿನಲ್ಲಿ 1976ರಲ್ಲಿ ರೂಪಿಸಿದ ಕ್ರೂ ಎಂಬ ವಿಧಾನ ಇವತ್ತಿಗೂ ಬಳಕೆಯಲ್ಲಿದೆ. ಅದರ ಪ್ರಶ್ನೆಗಳು ಸರಳ: ಮಾಹಿತಿ ಈಗ ತಪ್ಪಾಗಿ ದಾರಿ ತಪ್ಪಿಸುತ್ತದೆಯೇ, ರಿಪೇರಿ ಆಗದಷ್ಟು ಹಾಳಾಗಿದೆಯೇ, ಹೊಸ ಆವೃತ್ತಿ ಬಂದಿದೆಯೇ, ನಿಮ್ಮ ಓದುಗರಿಗೆ ಸಂಬಂಧವಿದೆಯೇ, ಬೇರೆ ಕಡೆ ಸುಲಭವಾಗಿ ಸಿಗುತ್ತದೆಯೇ. ಹಳೆಯ ಔಷಧ ಪುಸ್ತಕ ಅಪಾಯ, ತೆಗೆಯಲೇಬೇಕು. ಹಳೆಯ ಕವನ ಸಂಕಲನ ಹಾಗಲ್ಲ. ಬೇರೆಲ್ಲೂ ಸಿಗದ ಒಂದೇ ಪ್ರತಿಯನ್ನು ಯಾರೂ ಓದದಿದ್ದರೂ ಇಟ್ಟುಕೊಳ್ಳಿ.

ತೆಗೆಯುವ ಮುಂಚೆ ಒಂದು ವರ್ಷ ಬೇರೆ ಕೋಣೆಯಲ್ಲಿ ಇಡಿ, ಯಾರಾದರೂ ಕೇಳಿದರೆ ವಾಪಸ್ ತನ್ನಿ. ಪಟ್ಟಿಯನ್ನು ವಿಭಾಗಗಳಿಗೆ ಕಳಿಸಿ ಸಹಿ ಪಡೆಯಿರಿ. ಈ ಎರಡು ಕೆಲಸ ಮಾಡಿದರೆ ಹಿರಿಯರ ಹೆದರಿಕೆ ಮುಕ್ಕಾಲು ಭಾಗ ಹೋಗುತ್ತದೆ. ಇಷ್ಟು ಮಾಡದೆ ಹಿತ್ತಲಲ್ಲಿ ಪುಸ್ತಕದ ರಾಶಿ ಹಾಕಿದರೆ ಯಾರಾದರೂ ಅದರ ಫೋಟೊ ತೆಗೆಯುತ್ತಾರೆ, ಆಮೇಲೆ ನೀವು ಕೊಡುವ ಯಾವ ಕಾರಣವನ್ನೂ ಯಾರೂ ಕೇಳುವುದಿಲ್ಲ.

ಪ್ರಿನ್ಸಿಪಾಲರ ಮಾತಿಗೆ ಬರೋಣ. "ಎಲ್ಲಾ ಮೊಬೈಲಲ್ಲೇ ಇದೆ" ಎಂಬುದು ಅರ್ಧ ನಿಜ. ವಾದ ಮಾಡಬೇಡಿ. ಪುಸ್ತಕದ ಮಹಿಮೆ ಹೇಳಲು ಹೋದರೆ ಅವರು ಗಡಿಯಾರ ನೋಡುತ್ತಾರೆ. ನಾನು ಕೌಂಟರಿನಲ್ಲಿ ಒಂದು ಚಿಕ್ಕ ನೋಟ್‌ಬುಕ್ ಇಡಿಸಿದ್ದೆ. ಯಾರು ಯಾವ ಪುಸ್ತಕ ಕೇಳಿದರೂ ನಾವು "ಇಲ್ಲ" ಎಂದರೆ ಅದನ್ನು ಅಲ್ಲೇ ಬರೆಯಬೇಕು: ತಾರೀಖು, ಪುಸ್ತಕ, ಯಾವ ಕ್ಲಾಸಿನವರು. ಮೂರು ತಿಂಗಳ ಮೇಲೆ ಅದರಲ್ಲಿ ಒಂದೇ ಪಠ್ಯಪುಸ್ತಕದ ಹೆಸರು ಮತ್ತೆ ಮತ್ತೆ ಬಂದಿತ್ತು, ನಮ್ಮಲ್ಲಿ ಇದ್ದದ್ದು ಎರಡು ಪ್ರತಿ. ನೋಟ್‌ಬುಕ್ಕನ್ನೇ ತೆಗೆದುಕೊಂಡು ಹೋಗಿ ಮೇಜಿನ ಮೇಲೆ ತೆರೆದಿಟ್ಟೆ. ಅವತ್ತು ನಾನು ಆಡಿದ್ದು ನಾಲ್ಕೈದು ಮಾತು, ಹತ್ತು ಪ್ರತಿಗೆ ಒಪ್ಪಿಗೆ ಸಿಕ್ಕಿತು. ಇ-ಜರ್ನಲ್ ತರಿಸುತ್ತಿದ್ದರೆ ವರ್ಷದ ಚಂದಾ ಹಣವನ್ನು ಎಷ್ಟು ಸಲ ಡೌನ್‌ಲೋಡ್ ಆಯಿತೋ ಅದರಿಂದ ಭಾಗಿಸಿ. ಒಂದು ಲೇಖನಕ್ಕೆ ಎಷ್ಟು ಬಿತ್ತು ಎಂದು ಗೊತ್ತಾಗುತ್ತದೆ. ದುಬಾರಿ ಬಿದ್ದದ್ದನ್ನು ನಿಲ್ಲಿಸಲು ನೀವೇ ಮೊದಲು ಹೇಳಿ, ಆಗ ಬೇಕಾದದ್ದನ್ನು ಕೇಳಿದಾಗ ನಿಮ್ಮ ಮಾತಿಗೆ ತೂಕ ಬರುತ್ತದೆ. ಮೊಬೈಲಿನಲ್ಲಿ ವಿದ್ಯಾರ್ಥಿಗಳು ಓದುವ ಆ ಜರ್ನಲ್‌ಗಳಿಗೆ ಹಣ ಕಟ್ಟುತ್ತಿರುವುದೂ ಲೈಬ್ರರಿಯೇ ಎಂದು ಎಷ್ಟೋ ಮುಖ್ಯಸ್ಥರಿಗೆ ಗೊತ್ತಿರುವುದಿಲ್ಲ.

ಪ್ರತಿ ತಿಂಗಳು ಅರ್ಧ ಪುಟದ ವರದಿ ಕಳಿಸಿ, ಅವರು ಕೇಳದಿದ್ದರೂ. ಬಂದವರೆಷ್ಟು, ಇಶ್ಯೂ ಎಷ್ಟು, ಇಲ್ಲ ಎಂದದ್ದೆಷ್ಟು. ಇಶ್ಯೂ ಕಡಿಮೆಯಾಗಿ ಬರುವವರು ಜಾಸ್ತಿಯಾಗಿದ್ದರೆ ಜನಕ್ಕೆ ಕೂತು ಓದಲು ಜಾಗ ಬೇಕಾಗಿದೆ ಎಂದರ್ಥ. ಪರೀಕ್ಷೆಯ ತಿಂಗಳಲ್ಲಿ ಬೇಗ ಬಾಗಿಲು ಹಾಕಬೇಡಿ ಎಂದು ಹೇಳಲು ನಿಮ್ಮ ಕೈಯಲ್ಲಿ ಆಧಾರ ಇರುತ್ತದೆ.

ಕೋರ್ಸ್ ಸೇರಲೇ ಎಂದು ಕೇಳಿದ್ದೀರಿ. ದೊಡ್ಡ ಮ್ಯಾನೇಜ್‌ಮೆಂಟ್ ಪದವಿ ಈಗ ಬೇಡ, ಎರಡು ವರ್ಷ ಅದರಲ್ಲೇ ಹೋಗುತ್ತದೆ, ನಿಮ್ಮ ಸಮಸ್ಯೆಗಳು ಮುಂದಿನ ವಾರದವು. ಬಜೆಟ್ ಬರೆಯುವುದು, ಪ್ರಸ್ತಾವನೆ ತಯಾರಿಸುವುದು, ಜಗಳ ಬಗೆಹರಿಸುವುದು ಇಂಥ ಕೆಲವೇ ದಿನಗಳ ತರಬೇತಿ ಸಿಕ್ಕರೆ ಹೋಗಿ. ಅದಕ್ಕಿಂತ ಜಾಸ್ತಿ ಉಪಯೋಗ ಇನ್ನೊಂದು ಲೈಬ್ರರಿಯಲ್ಲಿ ಎರಡು ದಿನ ಕಳೆದರೆ ಆಗುತ್ತದೆ, ಮುಖ್ಯಸ್ಥರ ಕೋಣೆಯಲ್ಲಿ ಕೂರದೆ ಕೌಂಟರಿನಲ್ಲಿ ನಿಂತರೆ. ನಿಮ್ಮ ಹಾಗೆಯೇ ಹೊಸದಾಗಿ ಮುಖ್ಯಸ್ಥರಾದ ಒಬ್ಬಿಬ್ಬರ ಪರಿಚಯ ಮಾಡಿಕೊಳ್ಳಿ. ಸಿಬ್ಬಂದಿ ಎದುರು, ಪ್ರಿನ್ಸಿಪಾಲರ ಎದುರು ಹೇಳಲಾಗದ್ದನ್ನು ಹೇಳಲು ಒಬ್ಬರು ಬೇಕು.

ಇನ್ನು ವಾಪಸ್ ಹೋಗುವ ಮಾತು. ಅದರಲ್ಲಿ ನಾಚಿಕೆ ಪಡುವುದು ಏನೂ ಇಲ್ಲ, ಒಳ್ಳೆಯ ಕ್ಯಾಟಲಾಗರ್ ಸಿಗುವುದು ಒಳ್ಳೆಯ ಮುಖ್ಯಸ್ಥರು ಸಿಗುವುದಕ್ಕಿಂತ ಕಷ್ಟ. ಆದರೆ ಎಂಟು ತಿಂಗಳಿಗೆ ತೀರ್ಮಾನ ಮಾಡಬೇಡಿ. ಗ್ರಂಥಾಲಯ ಶಾಸ್ತ್ರಕ್ಕೆ ರಂಗನಾಥನ್ ಅವರು ಕೊಟ್ಟ ಐದು ಸೂತ್ರಗಳನ್ನು ನಾವೆಲ್ಲ ಓದಿಕೊಂಡೇ ಬಂದವರು. ಅವರು ಗಣಿತದ ಮೇಷ್ಟ್ರಾಗಿದ್ದವರು, 1924ರ ಜನವರಿಯಲ್ಲಿ ಮದ್ರಾಸ್ ವಿಶ್ವವಿದ್ಯಾಲಯದ ಲೈಬ್ರೇರಿಯನ್ ಆದರು. ಕೆಲವೇ ದಿನಕ್ಕೆ ಬೇಸರ ಬಂದು, ನನ್ನನ್ನು ಪಾಠ ಮಾಡಲು ವಾಪಸ್ ಕರೆಸಿಕೊಳ್ಳಿ ಎಂದು ಕಾಲೇಜಿಗೆ ಹೋಗಿ ಕೇಳಿಕೊಂಡಿದ್ದರು. ಲಂಡನ್ನಿಗೆ ಹೋಗಿ ಕಲಿತು ಬನ್ನಿ, ಆಮೇಲೂ ಬೇಡವಾದರೆ ನೋಡೋಣ ಎಂದು ಅವರಿಗೆ ಹೇಳಿ ಕಳಿಸಿದರು. ಅಲ್ಲಿ ಹಲವು ಲೈಬ್ರರಿಗಳು ನಡೆಯುವ ರೀತಿಯನ್ನು ಕಣ್ಣಾರೆ ನೋಡಿ ಬಂದ ಮೇಲೆ ಅವರು ಆ ಕೆಲಸ ಬಿಡುವ ಮಾತು ಎತ್ತಲಿಲ್ಲ, ಎರಡು ದಶಕ ಅಲ್ಲೇ ಇದ್ದರು. ಐದು ಸೂತ್ರಗಳ ಪುಸ್ತಕ ಬಂದದ್ದು 1931ರಲ್ಲಿ, ಆ ಬೇಸರದ ಏಳು ವರ್ಷದ ಮೇಲೆ.

ಒಂದು ಪೂರ್ತಿ ಶೈಕ್ಷಣಿಕ ವರ್ಷ ಕೊಡಿ, ಅಡ್ಮಿಷನ್ನಿನಿಂದ ಪರೀಕ್ಷೆಯವರೆಗೆ. ದಿನಕ್ಕೆ ಒಂದು ಗಂಟೆ ಕ್ಯಾಟಲಾಗಿಗೆ ಎಂದು ಇಟ್ಟುಕೊಳ್ಳಿ, ಇಷ್ಟದ ಕೆಲಸವನ್ನು ಪೂರ್ತಿ ಬಿಟ್ಟರೆ ಬತ್ತಿಹೋಗುತ್ತೀರಿ. ಈ ವಾರ ಮಾತ್ರ ಎರಡೇ ಕೆಲಸ ಮಾಡಿ. ಪ್ರಿನ್ಸಿಪಾಲರಿಗೆ ಆ ಒಂದು ಪುಟ ಕೊಡಿ. ಆಮೇಲೆ 412ರ ಪಟ್ಟಿಯನ್ನು ಕಾಲ್ ನಂಬರಿನ ಪ್ರಕಾರ ಜೋಡಿಸಿ ಎರಡು ಪ್ರತಿ ತೆಗೆದು, ಒಂದನ್ನು ಆ ಹಿರಿಯರ ಕೈಗೆ ಕೊಟ್ಟು, "ಇವು ಎಲ್ಲಿರಬಹುದು, ನಿಮಗೆ ಏನನ್ನಿಸುತ್ತದೆ?" ಎಂದು ಕೇಳಿ, ಅವರ ಜೊತೆಗೇ ಮೊದಲ ರ್‍ಯಾಕಿಗೆ ನಡೆಯಿರಿ. ಎಷ್ಟು ಸಿಕ್ಕವು ಎಂದು ನನಗೆ ಬರೆದು ತಿಳಿಸಿ.